ಬಡತನಕ್ಕೆ ನಿರ್ಲಕ್ಷ್ಯ ಅಂತ ಹೆಸರಿಟ್ಟವರು ಯಾರು?

(ಮುರಗೋಡದಲ್ಲಿ ಹಾಸ್ಟೆಲ್ ಹುಡುಗ-ಹುಡುಗಿಯರ ಸಭೆಯಲ್ಲಿ ಆಡಿದ ಮಾತುಗಳ ಬರಹರೂಪ)



ತಾಯಿ-ತಂದೆಯಿಂದ ಮಗುವನ್ನು ಕಾನೂನಿನ ಪ್ರಕಾರ ಕಡಿದುಹಾಕುವುದು ಎಂಬುದು ಇವತ್ತಿನ ಮಾತು. ಇದು ಅಮೆರಿಕದ ಸಿನಿಮಾದಾಗಿನ ಕತಿ, ಮುರಗೋಡದಾಗ, ಯರಗಟ್ಟಿಯಾಗ ಇದಕ್ಕೇನು ಕೆಲಸ ಅಂತ ನಿಮಗ ಅನಿಸಬಹುದು. ಕೆಲಸ ಐತಿ. ನಮ್ಮ ಕೇರಿಗಳಿಗೆ ಇದು ಹೊಸದೂ ಅಲ್ಲ.

ನಮ್ಮ ದೇಶದ ಕಾಯ್ದೆಯಲ್ಲಿ 'ತಂದೆ-ತಾಯಿಯ ಹಕ್ಕು ರದ್ದು' ಎಂಬ ಹೆಸರಿನ ಖಟ್ಲೆಯೇ ಇಲ್ಲ. ಹೆಸರಿಲ್ಲದ್ದರಿಂದ ಅದು ನಡೆದರೂ ಕಣ್ಣಿಗೆ ಬೀಳುವುದಿಲ್ಲ. ಅಮೆರಿಕದಲ್ಲಿ ಸರಕಾರ ತಾಯಿಯ ಮೇಲೆ ಕೋರ್ಟಿಗೆ ಹೋಗಬೇಕು. ಈಕೆ ಮಗುವನ್ನು ನಿರ್ಲಕ್ಷಿಸಿದ್ದಾಳೆ ಎಂದು ರುಜುವಾತು ಮಾಡಬೇಕು. ನ್ಯಾಯಾಧೀಶ ತೀರ್ಪು ಕೊಡಬೇಕು. ನಮ್ಮಲ್ಲಿ ಅದೇ ಕೆಲಸ ನಾಲ್ಕಾರು ಕಾಗದಗಳಲ್ಲಿ ಹಂಚಿಹೋಗಿದೆ. ಮೊದಲನೆಯ ಕಾಗದ: ಈ ಮಗು 'ಪಾಲನೆ ಮತ್ತು ರಕ್ಷಣೆ ಬೇಕಾದ ಮಗು'. ಎರಡನೆಯದು: ಇದನ್ನು ಬಾಲಮಂದಿರದಲ್ಲಿ ಇಡಿರಿ. ಮೂರನೆಯದು: ವಾರಸುದಾರರು ಸಿಗಲಿಲ್ಲ, ಇದು ಬಿಟ್ಟುಹೋದ ಮಗು. ನಾಲ್ಕನೆಯದು: ಇದು ದತ್ತು ಕೊಡಲು ಕಾನೂನು ಪ್ರಕಾರ ಮುಕ್ತವಾಗಿದೆ. ಕಡೆಗೆ ದತ್ತು ಆದೇಶ. 2015ರ ಬಾಲನ್ಯಾಯ ಕಾಯ್ದೆಯ 63ನೆಯ ಕಲಮು ಓದಿ ನೋಡಿರಿ. ದತ್ತು ಆದೇಶ ಆದ ದಿನದಿಂದ ಹುಟ್ಟಿದ ಮನೆಯೊಂದಿಗಿನ ಎಲ್ಲ ಸಂಬಂಧ ಕಡಿದುಹೋಗುತ್ತದೆ ಎಂದು ಅದರಲ್ಲಿದೆ. ಹೆತ್ತವ್ವನ ಹೆಸರು, ಕೇರಿಯ ಹೆಸರು, ಅಜ್ಜಿಯ ಹೆಸರು ಎಲ್ಲವೂ ಒಂದು ಸಹಿಯಲ್ಲಿ ಹೋಗುತ್ತವೆ. ಮೊದಲು ಆ ಸಹಿ ನ್ಯಾಯಾಧೀಶರದಾಗಿತ್ತು. 2021ರ ತಿದ್ದುಪಡಿ 1 ಸೆಪ್ಟೆಂಬರ್ 2022ರಂದು ಜಾರಿಗೆ ಬಂದ ಮೇಲೆ ಅದು ಜಿಲ್ಲಾಧಿಕಾರಿಯ ಮೇಜಿಗೆ ಬಂದಿದೆ.

ದತ್ತು ಕೆಟ್ಟದ್ದು ಅಂತ ನಾವು ಹೇಳುತ್ತಿಲ್ಲ. ನಿಜವಾಗಿ ಯಾರೂ ಇಲ್ಲದ ಕೂಸಿಗೆ ಒಂದು ಮನೆ ಸಿಗುವುದಾದರೆ ಅದಕ್ಕಿಂತ ಒಳ್ಳೆಯದು ಏನದ? ನಮ್ಮ ತಕರಾರು ಮೊದಲಿನ ಮೂರು ಕಾಗದಗಳ ಬಗ್ಗೆ. ಅವುಗಳನ್ನು ಬರೆಯುವಾಗ ತಾಯಿ ಎಲ್ಲಿರುತ್ತಾಳೆ, ಆಕೆಗೆ ಓದಿ ಹೇಳಿದವರು ಯಾರು ಎಂಬುದು ನಮ್ಮ ಪ್ರಶ್ನೆ.

ಆ ಕಾಯ್ದೆಯ 2(14)ನೆಯ ಕಲಮಿನಲ್ಲಿ ಒಂದು ಪಟ್ಟಿ ಇದೆ. ಯಾವ ಮಗುವಿಗೆ ಸರಕಾರದ ರಕ್ಷಣೆ ಬೇಕು? ಮನೆ ಇಲ್ಲದ್ದು, ಕಣ್ಣಿಗೆ ಕಾಣುವ ಜೀವನಾಧಾರ ಇಲ್ಲದ್ದು. ದುಡಿಯುತ್ತ ಸಿಕ್ಕದ್ದು, ಭಿಕ್ಷೆ ಬೇಡುತ್ತ ಸಿಕ್ಕದ್ದು, ಬೀದಿಯಲ್ಲಿ ಇರುವುದು. ನಿರ್ಲಕ್ಷ್ಯ ಮಾಡುವವರ ಹತ್ತಿರ ಇರುವುದು. ತಂದೆ-ತಾಯಿ ಇದ್ದರೂ ಅವರು ಮಗುವನ್ನು ನೋಡಿಕೊಳ್ಳಲು ಅಯೋಗ್ಯರು ಅಥವಾ ಅಸಮರ್ಥರು ಎಂದು ಕಂಡುಬಂದದ್ದು. ಹೀಗೇ ಸಾಗುತ್ತದೆ. ಮಕ್ಕಳ ಒಳ್ಳೆಯದಕ್ಕೇ ಮಾಡಿದ ಪಟ್ಟಿ, ಒಪ್ಪೋಣ. ಆದರೆ ಈ ಪಟ್ಟಿ ಕೈಯಲ್ಲಿ ಹಿಡಿದು ಸವದತ್ತಿ, ರಾಮದುರ್ಗ, ಬೈಲಹೊಂಗಲ, ಕಿತ್ತೂರು ಸೀಮೆಯ ಹೊಲೇರ ಓಣಿ, ಮಾದರ ಓಣಿ, ಕೊರವರ ಗುಡಿಸಲು ಒಂದು ಸುತ್ತು ಹಾಕಿದರೆ ಹೊರಗುಳಿಯುವ ಮಕ್ಕಳು ಎಷ್ಟು? ಇಲ್ಲಿ ಕುಂತಿರುವ ನಮ್ಮಲ್ಲಿ ಎಷ್ಟು ಮಂದಿ ಐದು ವರ್ಷದವರಿದ್ದಾಗ ಆ ಪಟ್ಟಿಯಲ್ಲಿ ಬರುತ್ತಿರಲಿಲ್ಲ? ಅವ್ವ ಕಳೆ ತೆಗೆಯಲು ಹೋದಾಗ ಬಾಗಿಲಿಲ್ಲದ ಮನೆಯಲ್ಲಿ ನಾಲ್ಕು ವರ್ಷದ ಅಕ್ಕ ಒಂದು ವರ್ಷದ ತಮ್ಮನನ್ನು ಎತ್ತಿಕೊಂಡು ಕುಂತಿದ್ದು ಕಾಯ್ದೆಯ ಕಣ್ಣಲ್ಲಿ ಏನು? ನಿರ್ಲಕ್ಷ್ಯ. ನಮ್ಮ ಭಾಷೆಯಲ್ಲಿ? ಕೂಲಿ.

ದೊಡ್ಡ ಮನೆಗಳಲ್ಲೂ ಮಕ್ಕಳನ್ನು ಯಾರೂ ನೋಡುವುದಿಲ್ಲ, ಆಳುಗಳು ನೋಡುತ್ತಾರೆ. ಆ ಆಳು ನಮ್ಮ ಅವ್ವನೇ ಇರುತ್ತಾಳೆ! ಗೌಡರ ಮಗನನ್ನು ಕಂಕುಳಲ್ಲಿ ಹೊತ್ತು ತನ್ನ ಮಗನನ್ನು ಓಣಿಯಲ್ಲಿ ಬಿಟ್ಟಿರುತ್ತಾಳೆ. ಪಟ್ಟಿ ಹಿಡಿದವರು ಬಂದರೆ ಗೌಡರ ಮನೆಗೆ ಹೋಗುವುದಿಲ್ಲ, ಓಣಿಗೆ ಬರುತ್ತಾರೆ.

ಇನ್ನು ಗಡುವಿನ ಲೆಕ್ಕ ನೋಡೋಣ. ಇದನ್ನು ಸಾವಕಾಶ ಕೇಳಿರಿ, ಯಾಕಂದರೆ ಇಡೀ ವಿಷಯದ ವಿಷ ಇಲ್ಲೇ ಇದೆ. ಮಗು ಸಿಕ್ಕ ಮೇಲೆ, ದಾರಿಯ ಹೊತ್ತು ಬಿಟ್ಟು, 24 ತಾಸಿನೊಳಗೆ ಮಕ್ಕಳ ಕಲ್ಯಾಣ ಸಮಿತಿಯ ಮುಂದೆ ಹಾಜರು ಮಾಡಬೇಕು. ಸಮಿತಿ ಎಂದರೆ ಒಬ್ಬ ಅಧ್ಯಕ್ಷರು, ನಾಲ್ವರು ಸದಸ್ಯರು. ಕೋರ್ಟಲ್ಲ, ಆದರೆ ಮ್ಯಾಜಿಸ್ಟ್ರೇಟರ ಅಧಿಕಾರ ಇದೆ. ಮನೆಯ ಸ್ಥಿತಿಗತಿಯ ವರದಿ 15 ದಿನಗಳಲ್ಲಿ ಬರಬೇಕು. ಅಂತಿಮ ಆದೇಶ ನಾಲ್ಕು ತಿಂಗಳೊಳಗೆ. ತಂದೆ-ತಾಯಿಯ ಪತ್ತೆಗೆ ಎಲ್ಲ ಪ್ರಯತ್ನ ಮಾಡಿಯೂ ಯಾರೂ ಸಿಗದಿದ್ದರೆ, ಎರಡು ವರ್ಷದೊಳಗಿನ ಕೂಸಾದರೆ ಎರಡು ತಿಂಗಳಲ್ಲಿ, ಅದಕ್ಕಿಂತ ದೊಡ್ಡ ಮಗುವಾದರೆ ನಾಲ್ಕು ತಿಂಗಳಲ್ಲಿ ದತ್ತಿಗೆ ಮುಕ್ತ ಎಂದು ಘೋಷಿಸಬಹುದು. ಇದು 38ನೆಯ ಕಲಮು. ಪತ್ತೆ ಮಾಡುವ ರೀತಿ ಎಂದರೆ ಪೊಲೀಸರ ವಿಚಾರಣೆ ಮತ್ತು ಪತ್ರಿಕೆಯಲ್ಲಿ ಫೋಟೋ ಸಮೇತ ಪ್ರಕಟಣೆ.

ಒಂದು ಉದಾಹರಣೆ ಇಟ್ಟುಕೊಳ್ಳೋಣ, ಯಾರ ಮನೆಯದೂ ಅಲ್ಲ, ಎಲ್ಲರ ಮನೆಯದು. ಗಂಡ-ಹೆಂಡತಿ ದೀಪಾವಳಿ ಮುಗಿಸಿ ಮುಕಾದಮನ ಮುಂಗಡ ತೀರಿಸಲು ಕೊಲ್ಹಾಪುರದ ಕಡೆ ಕಬ್ಬು ಕಡಿಯಲು ಹೋದರು. ಮೂರು ವರ್ಷದ ಮಗಳನ್ನು ಅಜ್ಜಿಯ ಹತ್ತಿರ ಬಿಟ್ಟರು. ಅಜ್ಜಿ ಹಾಸಿಗೆ ಹಿಡಿದಳು. ಹುಡುಗಿ ಬಸ್ಟ್ಯಾಂಡಿನಲ್ಲಿ ಸಿಕ್ಕಿತು. ಹೆಸರು ಕೇಳಿದರೆ 'ತಂಗಿ' ಅಂತದ. ಅಪ್ಪನ ಹೆಸರು 'ಅಪ್ಪ'. ಅವ್ವ ಎಲ್ಲಿ? 'ಕಬ್ಬಿಗೆ.' ಬೆಳಗಾವಿಯ ಪತ್ರಿಕೆಯಲ್ಲಿ ಫೋಟೋ ಬಂತು. ಕಬ್ಬಿನ ಗದ್ದೆಯಲ್ಲಿ ಆ ಪತ್ರಿಕೆ ಓದುವವರು ಯಾರು? ಬಂದರೂ ಬುತ್ತಿ ಸುತ್ತಿಕೊಂಡು ಬರುತ್ತದೆ. ಗಡುವು ನಾಲ್ಕು ತಿಂಗಳು. ಕಬ್ಬಿನ ಸುಗ್ಗಿಯೂ ಹೆಚ್ಚುಕಡಿಮೆ ಅಷ್ಟೇ. ಎರಡೂ ಒಂದೇ ಹೊತ್ತಿಗೆ ಮುಗಿಯುತ್ತವೆ. ಅಂಗನವಾಡಿ ಬಾಯಾರನ್ನು, ಊರ ಹಿರಿಯರನ್ನು ಹೋಗಿ ಕೇಳಿದ್ದರೆ ಒಂದೇ ದಿನದಲ್ಲಿ ತಿಳಿಯುತ್ತಿತ್ತು. ಕೇಳುವ ಮನಸ್ಸಿರುವ ಅಧಿಕಾರಿಗಳು ಇದ್ದಾರೆ, ಕೇಳಿ ಮಗುವನ್ನು ಮನೆ ಮುಟ್ಟಿಸಿದವರೂ ಇದ್ದಾರೆ, ಅದನ್ನು ಅಲ್ಲಗಳೆಯುವುದಿಲ್ಲ. ಆದರೆ ಒಂದು ಕೂಸಿನ ಬದುಕು ಅಧಿಕಾರಿಯ ಮನಸ್ಸಿನ ಮೇಲೆ ನಿಲ್ಲಬಾರದು.

ಇನ್ನೊಂದು ದಾರಿ 'ಒಪ್ಪಿಸುವುದು', 35ನೆಯ ಕಲಮು. ತನ್ನ ಕೈಮೀರಿದ ಕಾರಣಕ್ಕೆ ಮಗುವನ್ನು ಸಾಕಲು ಆಗುವುದಿಲ್ಲ ಎಂದು ತಾಯಿ ಸಮಿತಿಯ ಮುಂದೆ ಪತ್ರ ಬರೆದುಕೊಡುವುದು. ಬರೆದುಕೊಟ್ಟರೂ ಎರಡು ತಿಂಗಳು ಮನಸ್ಸು ಬದಲಿಸಲು ಅವಕಾಶ ಇದೆ. ಆ ಎರಡು ತಿಂಗಳ ಮಾತು ಹೆಬ್ಬೆಟ್ಟು ಒತ್ತಿದವಳಿಗೆ ತಿಳಿದಿರುತ್ತದೆಯೇ? 'ಇಲ್ಲಿ ಒತ್ತವ್ವಾ, ನಿನ್ನ ಕೂಸು ಚಲೋ ಇರತೈತಿ' ಅಂದರೆ ಆಕೆ ಒತ್ತುತ್ತಾಳೆ. ಹಾಸ್ಟೆಲ್ಲಿಗೆ ಸೇರಿಸುವ ಕಾಗದವೋ ಕರುಳು ಕಡಿಯುವ ಕಾಗದವೋ ಎಂಬುದು ಅಕ್ಷರ ಬಲ್ಲವರಿಗೆ ಮಾತ್ರ ಗೊತ್ತಾಗುತ್ತದೆ.

ಇದು ನಮಗೆ ಹೊಸದಲ್ಲ ಅಂದೆವಲ್ಲ, ಅದನ್ನು ಹೇಳಬೇಕು. ಹುಬ್ಬಳ್ಳಿಗೆ ಹೋದವರು ಸೆಟ್ಲಮೆಂಟ್ ಎಂಬ ಭಾಗದ ಹೆಸರು ಕೇಳಿದ್ದೀರಿ. ಅದು ಯಾರ ಸೆಟ್ಲಮೆಂಟ್? ಬ್ರಿಟಿಷರು 1871ರಲ್ಲಿ ಅಪರಾಧಿ ಬುಡಕಟ್ಟುಗಳ ಕಾಯ್ದೆ ಎಂದು ಒಂದು ಕಾಯ್ದೆ ಮಾಡಿದರು. 1911ರಲ್ಲಿ ಅದನ್ನು ಇಡೀ ದೇಶಕ್ಕೆ ಹಬ್ಬಿಸಿದರು. ಈ ನಮ್ಮ ಬೆಳಗಾವಿ ಜಿಲ್ಲೆ ಆಗ ಮುಂಬಯಿ ಪ್ರಾಂತದಲ್ಲಿತ್ತು. ಕೊರವರು, ಗಂಟಿಚೋರರು, ಹರಣಶಿಕಾರಿಗಳು, ಛಪ್ಪರಬಂದರು ಹುಟ್ಟಿನಿಂದಲೇ ಕಳ್ಳರು ಎಂದು ಬರೆದು ಹುಬ್ಬಳ್ಳಿ, ಗದಗ-ಬೆಟಗೇರಿ, ವಿಜಾಪುರ, ಸೊಲ್ಲಾಪುರಗಳಲ್ಲಿ ತಂದು ಕೂಡಿಹಾಕಿದರು. ದಿನವೂ ಹಾಜರಿ. ಊರು ಬಿಡಲು ಪಾಸು. ಆ ಕಾಯ್ದೆಯಲ್ಲಿ ಮಕ್ಕಳಿಗಾಗಿಯೇ ಒಂದು ಕಲಮು ಇತ್ತು. ಸರಕಾರ ಸುಧಾರಣಾ ಶಾಲೆ ತೆರೆದು, ಈ ಜಾತಿಗಳ ಮಕ್ಕಳನ್ನು ತಂದೆ-ತಾಯಿಯಿಂದ ಬೇರೆ ಮಾಡಿ ಅಲ್ಲಿ ಇಡಬಹುದು. ಮಗು ಏನೂ ಮಾಡಿರಬೇಕಾಗಿಲ್ಲ. ತಾಯಿ ಹೊಡೆದಿರಬೇಕಾಗಿಲ್ಲ, ಉಪವಾಸ ಕೆಡವಿರಬೇಕಾಗಿಲ್ಲ. ಆ ಜಾತಿಯಲ್ಲಿ ಹುಟ್ಟಿದ್ದೇ ಸಾಕು. ಕೋರ್ಟಿಲ್ಲ, ಸಾಕ್ಷಿಯಿಲ್ಲ. ಹುಟ್ಟೇ ಅಪರಾಧ, ತಾಯಿಯೇ ರೋಗ, ಶಾಲೆಯೇ ಔಷಧ!

ಮುಂಬಯಿ ಪ್ರಾಂತದಲ್ಲಿ ಈ ಕಾಯ್ದೆ 1949ರಲ್ಲಿ ಹೋಯಿತು, ದೇಶದಲ್ಲೆಲ್ಲ 31 ಆಗಸ್ಟ್ 1952ರಂದು. ಕಾಯ್ದೆ ಹೋದರೂ ಆ ಕಣ್ಣು ಹೋಗಿಲ್ಲ. ಸಂತೆಯಲ್ಲಿ ಕೊರವರ ಹೆಂಗಸು ಬೆಳ್ಳಗಿನ ಮಗುವನ್ನು ಎತ್ತಿಕೊಂಡು ನಿಂತರೆ 'ಎಲ್ಲಿಂದ ಕದ್ದು ತಂದಿ?' ಎಂದು ಈಗಲೂ ಕೇಳುತ್ತಾರೆ.

ಆ ಸೆಟ್ಲಮೆಂಟುಗಳ ಮೇಲಧಿಕಾರಿಯಾಗಿದ್ದವನು ಸ್ಟಾರ್ಟ್ ಎಂಬ ಸಾಹೇಬ. ಅದೇ ಸ್ಟಾರ್ಟ್ ಅಧ್ಯಕ್ಷನಾಗಿ 1928ರಲ್ಲಿ ಮುಂಬಯಿ ಸರಕಾರ ದಲಿತರ ಮತ್ತು ಆದಿವಾಸಿಗಳ ಸ್ಥಿತಿ ನೋಡಲು ಒಂದು ಸಮಿತಿ ಮಾಡಿತು. ಅದರಲ್ಲಿ ಬಾಬಾಸಾಹೇಬರು ಸದಸ್ಯರು. ವರದಿ 1930ರಲ್ಲಿ ಬಂತು. ಅದೇ ವರ್ಷಗಳಲ್ಲಿ ಬಾಬಾಸಾಹೇಬರು ಧಾರವಾಡದಲ್ಲಿ ನಮ್ಮ ಹುಡುಗರಿಗಾಗಿ ಹಾಸ್ಟೆಲ್ ತೆರೆಸಿದರು. ಇವೆರಡನ್ನೂ ಪಕ್ಕಪಕ್ಕದಲ್ಲಿ ಇಟ್ಟು ನೋಡಿರಿ. ಸುಧಾರಣಾ ಶಾಲೆಯೂ ಮಗುವನ್ನು ಮನೆಯಿಂದ ಹೊರಗೆ ತರುತ್ತದೆ, ಹಾಸ್ಟೆಲೂ ತರುತ್ತದೆ. ಆದರೆ ಹಾಸ್ಟೆಲಿಗೆ ಅವ್ವ ತಾನೇ ಟ್ರಂಕು ಹೊತ್ತು ತಂದು ಬಿಡುತ್ತಾಳೆ. ಉಗಾದಿಗೆ ಹೋಳಿಗೆ ತರುತ್ತಾಳೆ. ವಾರ್ಡನ್ ಸಾಹೇಬರ ಹತ್ತಿರ ಜಗಳ ತೆಗೆಯುತ್ತಾಳೆ. ಸೂಟಿಗೆ ಮಗ ಮನೆಗೆ ಬರುತ್ತಾನೆ, ಹೊಲಕ್ಕೆ ಹೋಗುತ್ತಾನೆ. ಬಾಬಾಸಾಹೇಬರು ಮಗುವಿಗೆ ಅನ್ನ-ಅಕ್ಷರ ಕೊಡುವುದಕ್ಕೆ ತಾಯಿಯನ್ನು ಅಯೋಗ್ಯಳು ಅಂತ ಬರೆಯಬೇಕಾಗಲಿಲ್ಲ.

ಹಾಸ್ಟೆಲಿನಲ್ಲಿರುವ ನಾವು ಇದನ್ನು ಬಿಡಿಸಿ ಅರ್ಥ ಮಾಡಿಕೊಳ್ಳಬೇಕು. ಒಂದೇ ಓಣಿಯ ಎರಡು ಮನೆ, ಒಂದೇ ಹಸಿವು. ಒಂದು ಮನೆಗೆ ಸಮಾಜ ಕಲ್ಯಾಣ ಇಲಾಖೆಯ ಹಾಸ್ಟೆಲಿನ ಅರ್ಜಿ ಮುಟ್ಟಿತು. ಇನ್ನೊಂದಕ್ಕೆ ಅರ್ಜಿ ಮುಟ್ಟಲಿಲ್ಲ, ಪೊಲೀಸ್ ಜೀಪು ಮುಟ್ಟಿತು. ಒಬ್ಬ ವಿದ್ಯಾರ್ಥಿಯಾದ, ಇನ್ನೊಬ್ಬ 'ರಕ್ಷಣೆ ಬೇಕಾದ ಮಗು' ಆದ. ಒಬ್ಬನ ಅವ್ವ ತ್ಯಾಗಮಯಿ ಅನಿಸಿಕೊಂಡಳು, ಇನ್ನೊಬ್ಬನ ಅವ್ವ ನಿರ್ಲಕ್ಷ್ಯ ಮಾಡಿದವಳು ಅನಿಸಿಕೊಂಡಳು. ಇಬ್ಬರೂ ಮಾಡಿದ್ದು ಒಂದೇ: ಮಗುವನ್ನು ಬಿಟ್ಟು ಕೂಲಿಗೆ ಹೋದದ್ದು.

ಹೊರದೇಶದ ಕರಿಯರು, ಮೂಲನಿವಾಸಿಗಳು ಇದನ್ನು ನಮಗಿಂತ ಮೊದಲೇ ಕಂಡಿದ್ದಾರೆ. ಆಸ್ಟ್ರೇಲಿಯಾದ ನ್ಯೂ ಸೌತ್ ವೇಲ್ಸಿನಲ್ಲಿ ಮೂಲನಿವಾಸಿಯ ಮಗುವನ್ನು ಒಯ್ಯಲು ಮೊದಲು ನಿರ್ಲಕ್ಷ್ಯ ಆಗಿದೆ ಎಂದು ಕೋರ್ಟಿಗೆ ತೋರಿಸಬೇಕಿತ್ತು. 1915ರಲ್ಲಿ ಅದೂ ಬೇಡ, ಮಂಡಳಿಗೆ ಸರಿಕಂಡರೆ ಸಾಕು ಎಂದು ತಿದ್ದಿದರು. ಹೀಗೆ ಒಯ್ದ ಮಕ್ಕಳನ್ನು ಅಲ್ಲಿ 'ಕದ್ದ ತಲೆಮಾರು' ಅನ್ನುತ್ತಾರೆ. 1997ರಲ್ಲಿ ಅದರ ವರದಿ ಬಂತು. 13 ಫೆಬ್ರವರಿ 2008ರಂದು ಪ್ರಧಾನಿ ಪಾರ್ಲಿಮೆಂಟಿನಲ್ಲಿ ನಿಂತು ಕ್ಷಮೆ ಕೇಳಿದ. ಅಷ್ಟೊತ್ತಿಗೆ ಎಷ್ಟೋ ತಾಯಂದಿರು ಮಣ್ಣಾಗಿದ್ದರು. ಅಮೆರಿಕದಲ್ಲಿ 1970ರ ದಶಕದ ಹೊತ್ತಿಗೆ ಮೂಲನಿವಾಸಿ ಮಕ್ಕಳಲ್ಲಿ ನಾಲ್ಕನೆಯ ಒಂದು ಭಾಗದಿಂದ ಮೂರನೆಯ ಒಂದು ಭಾಗದಷ್ಟು ಮನೆ ಬಿಟ್ಟು ಬೇರೆ ಕಡೆ ಇದ್ದವು ಎಂದು ಸಮೀಕ್ಷೆಗಳು ಹೇಳಿದವು. ಅವರು ಹೋರಾಡಿ 1978ರಲ್ಲಿ ತಮ್ಮದೇ ಕಾಯ್ದೆ ಮಾಡಿಸಿಕೊಂಡರು. ಮಗುವನ್ನು ತೆಗೆಯಲೇಬೇಕಾದರೆ ಮೊದಲು ಬಂಧುಗಳಿಗೆ, ಆಮೇಲೆ ಬುಡಕಟ್ಟಿನವರಿಗೆ ಕೊಡಬೇಕು ಎಂದು ಅದರಲ್ಲಿದೆ. 2023ರಲ್ಲಿ ಅದನ್ನು ಮುರಿಯಲು ಸುಪ್ರೀಂ ಕೋರ್ಟಿಗೆ ಹೋದವರು ಸೋತರು.

ಕರಿಯ ತಾಯಂದಿರಿಗೆ ಅಂಥ ಕಾಯ್ದೆ ಸಿಗಲಿಲ್ಲ. ತಾಯಿಯ ಹಕ್ಕು ಕಡಿಯುವ ಖಟ್ಲೆಯಲ್ಲಿ ಬಡವಳಿಗೆ ವಕೀಲನನ್ನು ಕೊಡಲೇಬೇಕೆಂದಿಲ್ಲ ಎಂದು 1981ರಲ್ಲಿ ಅಲ್ಲಿಯ ಸುಪ್ರೀಂ ಕೋರ್ಟು ಹೇಳಿತು. ಮರುವರ್ಷವೇ ಇನ್ನೊಂದು ಖಟ್ಲೆಯಲ್ಲಿ, ಹಕ್ಕು ಕಡಿಯುವುದಾದರೆ ಸಾಮಾನ್ಯ ಸಾಕ್ಷಿ ಸಾಲದು, ಸ್ಪಷ್ಟವಾಗಿ ಮನಸ್ಸಿಗೆ ನಾಟುವ ಸಾಕ್ಷಿ ಬೇಕು ಅಂದಿತು. ಮತ್ತೆ 1997ರಲ್ಲಿ ಹೊಸ ಕಾಯ್ದೆ: ಮಗು 22 ತಿಂಗಳಲ್ಲಿ 15 ತಿಂಗಳು ಬೇರೆಯವರ ಪಾಲನೆಯಲ್ಲಿದ್ದರೆ, ಕೆಲವು ವಿನಾಯಿತಿ ಬಿಟ್ಟು, ತಾಯಿಯ ಹಕ್ಕು ಕಡಿಯಲು ಸರಕಾರ ಕೋರ್ಟಿಗೆ ಹೋಗಬೇಕು. ಅಲ್ಲೂ ಗಡಿಯಾರವೇ ತೀರ್ಪು ಕೊಡುತ್ತದೆ. ಬಾಡಿಗೆ ಕಟ್ಟಲಾಗದೆ ಮನೆ ಹೋದವಳಿಗೆ 15 ತಿಂಗಳಲ್ಲಿ ಮನೆ ಎಲ್ಲಿಂದ ಬರಬೇಕು? ಕರಿಯರ ಕೇರಿಗೂ ನಮ್ಮ ಕೇರಿಗೂ ನಡುವೆ ಸಮುದ್ರ ಇದೆ. ಕಾಗದದ ಬಣ್ಣ ಮಾತ್ರ ಒಂದೇ.

ಇನ್ನು ಕಹಿ ಮಾತು. ನಮ್ಮವರು ಎಂಬ ಕಾರಣಕ್ಕೆ ಎಲ್ಲವನ್ನೂ ಮುಚ್ಚಿಕೊಳ್ಳುವ ಚಳವಳಿ ನಮ್ಮದಾಗಬಾರದು. ಕುಡಿದು ಬಂದು ಕೂಸಿನ ಕೈ ಮುರಿಯುವ ಅಪ್ಪ ನಮ್ಮ ಓಣಿಯಲ್ಲೂ ಇದ್ದಾನೆ. ಹೆಂಡದಂಗಡಿಯವ ಶ್ರೀಮಂತನಾದ, ಅದು ಬೇರೆ ಮಾತು; ಮುರಿದದ್ದು ಮಗುವಿನ ಕೈ. ಅಂಥ ಮನೆಯಿಂದ ಮಗುವನ್ನು ಹೊರಗೆ ತರಲೇಬೇಕು, ಇವತ್ತೇ ತರಬೇಕು. 'ಬಡತನ ಸ್ವಾಮಿ' ಎಂದು ಅದಕ್ಕೆ ನೆಪ ಹೇಳುವವರ ಜತೆ ನಾವಿಲ್ಲ. ಹಸಿದು ಮಗುವನ್ನು ಬಿಟ್ಟುಹೋಗುವುದೂ ಮಗುವನ್ನು ಹಿಂಸಿಸುವುದೂ ಒಂದೇ ಅಲ್ಲ. ಕಾಯ್ದೆ ಮಾಡುವವರು ಇವೆರಡನ್ನೂ ಒಂದೇ ಪಟ್ಟಿಯಲ್ಲಿ ಬರೆದಿದ್ದಾರೆ, ನಾವು ಬೇರೆ ಬೇರೆ ಮಾಡಬೇಕು.

ಎಲ್ಲಮ್ಮನ ಗುಡ್ಡದ ಮಾತನ್ನೂ ಆಡೋಣ. ಸವದತ್ತಿ ನಮಗೆ ದೂರವಿಲ್ಲ, ನಾಚಿಕೊಳ್ಳುವುದರಲ್ಲಿ ಅರ್ಥವೂ ಇಲ್ಲ. ಹೆಣ್ಣುಮಗುವಿಗೆ ಮುತ್ತು ಕಟ್ಟುವುದು ದೇವರ ಹೆಸರಿನಲ್ಲಿ ನಮ್ಮ ಹೆಣ್ಣುಮಕ್ಕಳನ್ನು ಊರ ಸಾಹುಕಾರರಿಗೆ ಬಿಟ್ಟುಕೊಟ್ಟ ಪದ್ಧತಿ. ಮುಂಬಯಿ ಪ್ರಾಂತದಲ್ಲಿ 1934ರಲ್ಲೇ ಇದರ ವಿರುದ್ಧ ಕಾಯ್ದೆ ಬಂತು. ಕರ್ನಾಟಕ 1982ರಲ್ಲಿ ಕಾಯ್ದೆ ಮಾಡಿತು. ಆ 1982ರ ಕಾಯ್ದೆಯಲ್ಲಿ ಮುತ್ತು ಕಟ್ಟಿಸಿದವರಿಗೆ ಮೂರು ವರ್ಷದ ತನಕ ಸಜೆ ಇಟ್ಟರು. ಕಟ್ಟಿಸಿದವರು ತಂದೆ-ತಾಯಿ, ಪಾಲಕರು, ಬಂಧುಗಳಾದರೆ ಎರಡು ವರ್ಷಕ್ಕೆ ಕಡಿಮೆ ಇಲ್ಲದಂತೆ ಐದು ವರ್ಷದ ತನಕ. ಮಗಳ ಕುತ್ತಿಗೆಗೆ ಮುತ್ತು ಬೀಳುವುದನ್ನು ತಡೆಯಲು ಯಾವ ಹಿಂಜರಿಕೆಯೂ ಬೇಡ. ದೊಡ್ಡವ್ವ ಇರಲಿ, ಸೋದರತ್ತೆ ಇರಲಿ, ಮೊದಲು ಹುಡುಗಿಯನ್ನು ಉಳಿಸಬೇಕು. ಆದರೆ ಒಂದನ್ನು ಕೇಳಿಕೊಳ್ಳಿರಿ. ಆ ಕಾಯ್ದೆಯಲ್ಲಿ ಹೆತ್ತವಳಿಗೆ ಐದು ವರ್ಷ. ಮುತ್ತು ಕಟ್ಟಿದವಳನ್ನು ಇಟ್ಟುಕೊಂಡು ಮಕ್ಕಳು ಹುಟ್ಟಿಸಿ, ಆ ಮಕ್ಕಳ ಕಡೆ ತಿರುಗಿಯೂ ನೋಡದ ಗೌಡನಿಗೆ? ಮಗುವನ್ನು ನಿರ್ಲಕ್ಷಿಸಿದವನು ಯಾರು? ಹೆಸರು ಕೊಡದವನು, ಹೊಲ ಕೊಡದವನು, ಶಾಲೆಯ ಶುಲ್ಕ ಕೊಡದವನು ಅವನು. ತಾಯಿ ಎದೆಹಾಲು ಕೊಟ್ಟಿದ್ದಾಳೆ, ಕೂಲಿ ಮಾಡಿ ಸಾಕಿದ್ದಾಳೆ. ನಿರ್ಲಕ್ಷ್ಯದ ಕಾಗದದಲ್ಲಿ ಬರುವುದು ಆಕೆಯ ಹೆಸರು. ಅವನ ಹೆಸರು ಯಾವ ಕಾಗದದಲ್ಲೂ ಇಲ್ಲ, ಆದ್ದರಿಂದ ಅವನು ನಿರಪರಾಧಿ!

ಅಂಥ ತಾಯಂದಿರ ಮಕ್ಕಳು ಇಲ್ಲಿ ಕುಂತಿದ್ದೀರಿ, ತಲೆ ಎತ್ತಿ ಕೇಳಿರಿ. 1956ರ ಹಿಂದೂ ಅಪ್ರಾಪ್ತ ವಯಸ್ಕರ ಕಾಯ್ದೆಯ ಪ್ರಕಾರ ಮದುವೆಯಿಲ್ಲದೆ ಹುಟ್ಟಿದ ಮಗುವಿಗೆ ಮೊದಲ ಪಾಲಕಿ ತಾಯಿ, ಆಮೇಲೆ ತಂದೆ. ತಂದೆಯ ಹೆಸರು ಹೇಳದೆಯೇ ತಾಯಿ ಪಾಲಕತ್ವ ಪಡೆಯಬಹುದು ಎಂದು 2015ರಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಅಪ್ಪ ಇಲ್ಲದ್ದರಿಂದ ಈ ಮಗುವಿಗೆ ಹೇಳೋರು ಕೇಳೋರು ಇಲ್ಲ ಎಂದು ಯಾವ ಅಧಿಕಾರಿ ಬರೆದರೂ ಅದು ಸುಳ್ಳು. ಅವ್ವ ಅದಾಳ.

ಕಾಯ್ದೆಯನ್ನು ಬರೀ ಬೈಯುವುದರಿಂದ ಏನೂ ಆಗುವುದಿಲ್ಲ. ಅದರೊಳಗೆ ನಮ್ಮ ಪರವಾಗಿ ಇರುವ ಸಾಲುಗಳನ್ನು ಹುಡುಕಿ ಬಾಯಿಪಾಠ ಮಾಡಬೇಕು. ಅದೇ 2015ರ ಕಾಯ್ದೆಯ 3ನೆಯ ಕಲಮಿನಲ್ಲಿ, ಮಗುವನ್ನು ಸಾಕುವ ಮೊದಲ ಹೊಣೆ ಕುಟುಂಬದ್ದು, ಸಂಸ್ಥೆಯಲ್ಲಿ ಇಡುವುದು ಕಟ್ಟಕಡೆಯ ದಾರಿ ಎಂದಿದೆ. 40ನೆಯ ಕಲಮಿನಲ್ಲಿ, ಮಗುವನ್ನು ಮರಳಿ ಮನೆ ಸೇರಿಸುವುದೇ ಬಾಲಗೃಹದ ಮುಖ್ಯ ಉದ್ದೇಶ ಎಂದಿದೆ. 75ನೆಯ ಕಲಮು ಮಗುವನ್ನು ಹಿಂಸಿಸಿದವರಿಗೆ, ಬಿಟ್ಟುಹೋದವರಿಗೆ ಶಿಕ್ಷೆ ಹೇಳುತ್ತದೆ. ಅದರ ಬಾಲಕ್ಕೆ ಒಂದು ಮಾತು ಅಂಟಿಸಿದ್ದಾರೆ. ಹೆತ್ತವರು ತಮ್ಮ ಕೈಮೀರಿದ ಪರಿಸ್ಥಿತಿಯಿಂದ ಬಿಟ್ಟಿದ್ದರೆ ಅದು ಬೇಕೆಂದು ಮಾಡಿದ್ದಲ್ಲ ಎಂದೇ ತಿಳಿಯಬೇಕು, ಶಿಕ್ಷೆ ಸಲ್ಲದು. ಪೊಲೀಸರು ತಾಯಿಯನ್ನು ಹೆದರಿಸಿದಾಗ ಹೇಳಬೇಕಾದದ್ದು ಇದನ್ನೇ.

ದುಡ್ಡಿನ ಮಾತು. 2020ರಲ್ಲಿ ರಾಷ್ಟ್ರೀಯ ಮಕ್ಕಳ ಹಕ್ಕುಗಳ ಆಯೋಗ ಕರ್ನಾಟಕ ಸೇರಿ ಎಂಟು ರಾಜ್ಯಗಳಿಗೆ ಕಾಗದ ಬರೆದು, ಸಂಸ್ಥೆಗಳಲ್ಲಿರುವ ಮಕ್ಕಳನ್ನು ಮನೆಗೆ ಸೇರಿಸಿರಿ ಎಂದಿತು. ಅಂದರೆ ಮನೆ ಇದ್ದೂ ಸಂಸ್ಥೆ ಸೇರಿದ ಮಕ್ಕಳು ಬಹಳ ಇದ್ದರು ಎಂದಾಯಿತು. ಅವರನ್ನು ಸಂಸ್ಥೆಗೆ ತಳ್ಳಿದ್ದು ಏನು? ಕೊರೋನಾ ಕಾಲದಲ್ಲಿ ಹಾಗೆ ಮನೆಗೆ ಹೋದ ಮಕ್ಕಳ ಓದಿಗೆ ತಿಂಗಳಿಗೆ ತಲಾ 2000 ರೂಪಾಯಿ ಕೊಡಬೇಕೆಂದು ಅದೇ ವರ್ಷ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ರಾಜ್ಯಗಳಿಗೆ ಹೇಳಿತು. ಮಗುವನ್ನು ಸಂಸ್ಥೆಯಲ್ಲಿ ಇಟ್ಟು ಸಾಕಲು ಸರಕಾರದ ಹತ್ತಿರ ಹಣ ಇದೆ. ಅದೇ ಹಣದಲ್ಲಿ ಸ್ವಲ್ಪ ತಾಯಿಯ ಕೈಗೆ ಬಂದರೆ ಮಗು ಸಂಸ್ಥೆಗೆ ಹೋಗಬೇಕಾಗಿಯೇ ಇಲ್ಲ. ಈಗ ಮಿಷನ್ ವಾತ್ಸಲ್ಯ ಎಂಬ ಯೋಜನೆಯಲ್ಲಿ ಪ್ರಾಯೋಜಕತ್ವ ಎಂದು ತಿಂಗಳಿಗೆ 4000 ರೂಪಾಯಿ ಮಗುವಿನ ಹೆಸರಿಗೆ ಬರುತ್ತದೆ. ವಿಧವೆ, ಗಂಡ ಬಿಟ್ಟವಳು, ಜೀವ ತೆಗೆಯುವ ರೋಗ ಬಂದವರು, ದುಡಿಯಲಾಗದವರು, ಇಂಥವರ ಮಕ್ಕಳಿಗೆ. ಹಳ್ಳಿಯಲ್ಲಿ ವರ್ಷದ ಆದಾಯ 72,000 ರೂಪಾಯಿಯ ಒಳಗೆ ಇರಬೇಕು. ನಮ್ಮ ಓಣಿಯಲ್ಲಿ ಈ ಲೆಕ್ಕಕ್ಕೆ ಬರುವ ಮನೆಗಳು ಎಷ್ಟು, ಅರ್ಜಿ ಹಾಕಿದವರು ಎಷ್ಟು? ಸೂಟಿಗೆ ಊರಿಗೆ ಹೋದಾಗ ಮನೆಮನೆ ತಿರುಗಿ ಬರೆದುಕೊಂಡು ಬರಬೇಕು. ಅರ್ಜಿ ಕೊಡುವುದು ಜಿಲ್ಲಾ ಮಕ್ಕಳ ರಕ್ಷಣಾ ಘಟಕಕ್ಕೆ, ಬೆಳಗಾವಿಯಲ್ಲಿ.

ಕಬ್ಬಿಗೆ, ಗೋವಾಕ್ಕೆ ಹೋಗುವವರು ಮಕ್ಕಳನ್ನು ಬಿಟ್ಟುಹೋಗುವಾಗ ಒಂದು ಚೀಟಿ ಬರೆದಿಡಬೇಕು. ಮಗುವಿನ ಹೆಸರು, ತಂದೆ-ತಾಯಿಯ ಹೆಸರು, ಯಾರ ಹತ್ತಿರ ಬಿಟ್ಟಿದ್ದೇವೆ, ಎಲ್ಲಿಗೆ ಹೋಗಿದ್ದೇವೆ, ಮುಕಾದಮನ ಫೋನು, ಮರಳುವ ತಿಂಗಳು. ಒಂದು ಅಂಗನವಾಡಿ ಬಾಯಾರ ಹತ್ತಿರ, ಒಂದು ಶಾಲೆಯಲ್ಲಿ, ಒಂದು ಅಜ್ಜಿಯ ಸೆರಗಿನಲ್ಲಿ. ಬರೆಯುವವರು ಯಾರು? ನೀವು. ಇದು ಸಣ್ಣ ಕೆಲಸ ಅನಿಸಬಹುದು. ಮಗು ಬಿಟ್ಟುಹೋದದ್ದಲ್ಲ, ಒಪ್ಪಿಸಿ ಹೋದದ್ದು ಎಂಬುದಕ್ಕೆ ಆ ಚೀಟಿಗಿಂತ ದೊಡ್ಡ ಸಾಕ್ಷಿ ಸಿಗಲಾರದು.

ಮಗು ಈಗಾಗಲೇ ಬಾಲಮಂದಿರದಲ್ಲಿದ್ದರೆ ತಾಯಿ ಭೇಟಿಗೆ ಹೋಗಲೇಬೇಕು, ಹೋದಾಗಲೆಲ್ಲ ಭೇಟಿಯ ಪುಸ್ತಕದಲ್ಲಿ ಹೆಬ್ಬೆಟ್ಟು ಬೀಳಲೇಬೇಕು. ಬಸ್ ಚಾರ್ಜಿಗೆ ಓಣಿಯವರು ಪಟ್ಟಿ ಹಾಕಿ ಕೊಡೋಣ. 'ಹೋಗಿ ನೋಡಿದರ ಕೂಸು ಅಳತೈತಿ, ಅದಕ್ಕ ಹೋಗಲಿಲ್ಲ' ಎಂದು ತಾಯಿ ಹೇಳುತ್ತಾಳೆ. ಆಕೆಯ ಸಂಕಟ ನಮಗೆ ತಿಳಿಯುತ್ತದೆ. ಕಾಗದಕ್ಕೆ ತಿಳಿಯುವುದಿಲ್ಲ. ಕಾಗದದಲ್ಲಿ 'ಯಾರೂ ಬರಲಿಲ್ಲ' ಎಂದಷ್ಟೇ ಇರುತ್ತದೆ. ಸಮಿತಿಯ ಮುಂದೆ ತಾಯಿಯನ್ನು ಒಬ್ಬಳನ್ನೇ ಕಳಿಸಬೇಡಿರಿ. ರೇಶನ್ ಕಾರ್ಡು, ಮಗುವಿನ ಜನನ ಪತ್ರ, ತಾಯಿ ಕಾರ್ಡು, ಅಂಗನವಾಡಿಯ ದಾಖಲೆ ಏನಿದೆಯೋ ಎಲ್ಲ ಹೊತ್ತು ಹೋಗಿರಿ. ಓದಿ ಹೇಳದ ಕಾಗದಕ್ಕೆ ಹೆಬ್ಬೆಟ್ಟು ಬೇಡ. ಒತ್ತಿ ಆಗಿದ್ದರೆ ತಾರೀಖು ನೋಡಿರಿ, ಎರಡು ತಿಂಗಳು ದಾಟುವ ಮೊದಲು ಮನಸ್ಸು ಬದಲಾಗಿದೆ ಎಂದು ಬರೆದುಕೊಟ್ಟು ಸ್ವೀಕೃತಿ ಪಡೆಯಿರಿ.

ಸಮಿತಿಯ ಆದೇಶ ತಪ್ಪೆನಿಸಿದರೆ 30 ದಿನಗಳೊಳಗೆ ಮಕ್ಕಳ ನ್ಯಾಯಾಲಯಕ್ಕೆ ಅಪೀಲು ಮಾಡಬಹುದು, 101ನೆಯ ಕಲಮು. ಸಮಿತಿಯ ನಡೆವಳಿಕೆಯ ಮೇಲೆ ದೂರಿದ್ದರೆ ಜಿಲ್ಲಾಧಿಕಾರಿಗೆ ಕೊಡಬಹುದು. ವಕೀಲರಿಗೆ ದುಡ್ಡು ಬೇಕಲ್ಲ ಅಂತೀರಿ, ಬೇಡ. 1987ರ ಕಾನೂನು ಸೇವೆಗಳ ಕಾಯ್ದೆಯಲ್ಲಿ ಪರಿಶಿಷ್ಟ ಜಾತಿ-ಪಂಗಡದವರಿಗೆ, ಹೆಂಗಸರಿಗೆ, ಮಕ್ಕಳಿಗೆ ಆದಾಯ ಕೇಳದೆ ವಕೀಲರನ್ನು ಪುಕ್ಕಟೆ ಕೊಡಬೇಕು. ನಮ್ಮ ಅವ್ವಂದಿರು ಈ ಮೂರರಲ್ಲಿ ಎರಡು ಕಡೆಯಿಂದ ಹಕ್ಕುದಾರರು! ಸವದತ್ತಿ, ಬೈಲಹೊಂಗಲ, ರಾಮದುರ್ಗದ ಕೋರ್ಟಿನ ಆವರಣದಲ್ಲೇ ತಾಲೂಕು ಕಾನೂನು ಸೇವಾ ಸಮಿತಿ ಇರುತ್ತದೆ. ಬಿಳಿ ಹಾಳೆಯ ಮೇಲೆ ಅರ್ಜಿ ಬರೆದರೆ ಸಾಕು. ಹೊಡೆತ, ಮುತ್ತು ಕಟ್ಟುವುದು, ಬಾಲ್ಯವಿವಾಹ ಕಂಡರೆ 1098 ನಂಬರಿಗೆ ಫೋನು ಮಾಡಿರಿ, ಅದಕ್ಕೂ ದುಡ್ಡಿಲ್ಲ.

ಅರ್ಜಿಯ ಎರಡು ಮಾದರಿ ಬರೆದು ತಂದಿದ್ದೇವೆ. ಒಂದು ಪ್ರಾಯೋಜಕತ್ವದ್ದು, ಒಂದು ವಕೀಲರನ್ನು ಕೇಳುವುದು. ಚಹಾ ಆದ ಮೇಲೆ ನಾಲ್ಕು ನಾಲ್ಕು ಮಂದಿ ಗುಂಪಾಗಿ ಕುಂತು ನಕಲು ಮಾಡಿಕೊಳ್ಳಿರಿ. ಕಬ್ಬಿನ ಗ್ಯಾಂಗಿಗೆ ಹೋಗುವ ಮನೆಯವರು ಯಾರ್ಯಾರು ಇದ್ದೀರಿ, ಕೈ ಎತ್ತಿರಿ, ಮೊದಲ ಚೀಟಿಗಳನ್ನು ನಿಮ್ಮ ಊರಿನಿಂದಲೇ ಶುರು ಮಾಡೋಣ.